ಹುಣಸೆ ಮರದ ಜೇಡ

ಸಾಬಮ್ಮ ಬಾಗಿಲಿಗೆ ಬೇವಿನ ತಪ್ಪಲು ಕಟ್ಟಿ ಮುಗಿಸಿದ್ದಳೋ ಇಲ್ಲವೋ, ಅಂಗಳದ ಆಚೆ ಬಂಡಿ ಬಂದು ನಿಂತಿತು. ಮೊದಲು ಇಳಿದವನು ಮೈದುನ ದೇವೀಂದ್ರಪ್ಪ. ಅವನ ಹಿಂದೆ, ಹೊಸ ರುಮಾಲು ಸುತ್ತಿಕೊಂಡು, ಶಹಾಬಾದಿನ ಕಲ್ಲು ಗಣಿಯ ಆಳುಗಳ ಮೇಲಿನ ಮುಕದ್ದಮ ಅಂಬರಾಯ. ಇಬ್ಬರು ಹೆಂಡರನ್ನು ಮಣ್ಣು ಮಾಡಿದ ಮನುಷ್ಯ. ನಾಳೆ ಸಾಬಮ್ಮನ ಮಗಳು ಚಂದಮ್ಮನ ಕೊರಳಿಗೆ ತಾಳಿ ಕಟ್ಟಬೇಕಾದವನು. ಚಂದಮ್ಮನಿಗೆ ಹದಿನಾಲ್ಕೂ ತುಂಬಿರಲಿಲ್ಲ.

"ಒಳಗ ಬರಬ್ಯಾಡ್ರಿ. ಹುಡುಗಿಗಿ ತಾಯಿ ಬಂದಾಳ," ಎಂದಳು ಸಾಬಮ್ಮ.

ಅಂಬರಾಯನ ಕಾಲು ತಾನಾಗಿಯೇ ಹಿಂದೆ ಸರಿಯಿತು. ಸಿಡುಬಿನ ತಾಯಿ ಬಂದ ಮನೆಯಲ್ಲಿ ಮದುವೆ ಇಲ್ಲ, ಒಗ್ಗರಣೆಯ ಚಟಪಟ ಸಹ ಇಲ್ಲ. ಬೇವು ಕಟ್ಟಿದ ಹೊಸ್ತಿಲನ್ನು ಪರರು ಯಾರೂ ದಾಟುವುದಿಲ್ಲ. ಆದರೆ ದೇವೀಂದ್ರಪ್ಪ ನಕ್ಕ.

"ಲಗ್ನದ ಹಿಂದಿನ ದಿನಾನೇ ಬಂದಳೇನ್ರಿ ವೈನಿ? ಭಾಳ ಶಾಣ್ಯಾ ತಾಯಿ ಬಿಡ್ರಿ! ಮುಂಜಾನೆ ಸುದ್ದಿ ಕೇಳಿದಾಗೇ ಸೂಜಿ ಹಾಕೋ ಶೌಕತ ಅಲಿಗಿ ಹೇಳಿ ಕಳಿಸೀನಿ. ಅವ ಬಂದು ನೋಡಲಿ. ಸುಳ್ಳಾದ್ರ ಹುಡುಗೀನ ಇವತ್ತೇ ಬಂಡಿ ಏರಸ್ತೀನಿ."

ಸಾಬಮ್ಮ ಒಳಗೆ ಬಂದು ಅಗಳಿ ಹಾಕಿದಳು. ಗಂಡ ಸತ್ತ ಮೇಲೆ ಈ ಮನೆಯಲ್ಲಿ ಅವಳ ಮಾತಿಗೆ ಬೆಲೆ ಕೊಟ್ಟವರಿಲ್ಲ. ಈ ಲಗ್ನ ಬೇಡವೆಂದು ಅತ್ತಿದ್ದಳು, ಬೇಡಿದ್ದಳು, ಮೈದುನನ ಕಾಲು ಹಿಡಿದಿದ್ದಳು. ಕಡೆಗೆ ಉಪಾಯ ಕಲಿಸಿದ್ದು ಅಂಗಳದ ಹುಣಸೆ ಮರ.

ಅದರ ನೆಲಕ್ಕೆ ಬಾಗಿದ ಟೊಂಗೆಯ ಮೇಲೊಂದು ಉದ್ದ ಕಾಲಿನ ಜೇಡ ಇತ್ತು. ಕೋಳಿ ಹತ್ತಿರ ಬಂದರೆ ಸಾಕು, ತಲೆ ಮೇಲೆತ್ತಿ ಕಾಲು ಅಗಲಿಸಿ ನಡುಗಿಸುತ್ತಿತ್ತು. ಕೋಳಿ ಬೆದರಿ ಓಡುತ್ತಿತ್ತು. ಒಂದು ದಿನ ಚಂದಮ್ಮ, "ಯವ್ವಾ, ಜ್ಯಾಡ ಎಲಿ ತಿನ್ನಾಕತ್ತೈತಿ ನೋಡು ಬಾ!" ಎಂದು ಕೂಗಿದಳು. ಬಗ್ಗಿ ನೋಡಿದರೆ ಅದು ಜೇಡವೇ ಅಲ್ಲ, ಚಿಗುರು ತಿನ್ನುವ ಬಡಪಾಯಿ ಹುಳ. ಕಚ್ಚಲು ಬಾರದ ಜೀವ, ಕಚ್ಚುವವರ ವೇಷ ಹಾಕಿಕೊಂಡು ಬದುಕಿತ್ತು.

ಕಳೆದ ಅಮಾವಾಸ್ಯೆಗೆ ಸಾಬಮ್ಮ ಸೇಡಂ ಕಡೆಯ ತಂಗಿಯ ಮನೆಗೆ ಹೋದಳು. ಅಲ್ಲಿ ಕೂಸಿಗೆ ನಿಜವಾಗಿಯೂ ತಾಯಿ ಬಂದಿದ್ದಳು. ಕೌದಿಯಿಂದ ಹೊರಗೆ ಕಾಣುತ್ತಿದ್ದ ಮುಖ, ಮುಂಗೈ ನೋಡುತ್ತ ಕುಳಿತಳು. ಗುಳ್ಳೆ ಎಷ್ಟು ದಪ್ಪ, ಯಾವ ಬಣ್ಣ, ಎಲ್ಲವನ್ನೂ ಕಣ್ಣಲ್ಲಿ ತುಂಬಿಕೊಂಡಳು. ಊರಲ್ಲಿ ಬಿಟ್ಟರೆ ಮೈದುನ ಎತ್ತಿಕೊಂಡು ಹೋದಾನೆಂದು ಚಂದಮ್ಮನನ್ನೂ ಜೊತೆಗೆ ಕರೆದೊಯ್ದಿದ್ದಳು. ಹುಡುಗಿ ಇಡೀ ದಿನ ಕೂಸನ್ನು ತೊಡೆಯ ಮೇಲೆ ಹಾಕಿಕೊಂಡು ಬೇವಿನ ಸೊಪ್ಪಿನಿಂದ ಗಾಳಿ ಬೀಸಿದಳು.

ಹುಣ್ಣಿಮೆ ಕಳೆಯಿತು. ಮಗಳ ಮುಖಕ್ಕೂ ಮುಂಗೈಗೂ ಸಾಬಮ್ಮ ಎಕ್ಕೆಯ ಹಾಲನ್ನು ಚುಕ್ಕೆ ಚುಕ್ಕೆಯಾಗಿ ಹಚ್ಚಿದಳು. ಚರ್ಮ ಸುಟ್ಟು ಗುಳ್ಳೆ ಎದ್ದವು. ಉಳಿದ ಮೈ ಕೌದಿಯೊಳಗೆ. ಅದನ್ನು ಯಾರು ನೋಡುತ್ತಾರೆ?

"ಯವ್ವಾ, ಟೊಂಕ ಮುರದಂಗ ಆಗಾಕತ್ತೈತಿ," ಎಂದು ಈಗ ಚಂದಮ್ಮ ನರಳಿದಳು.

"ಈಗ ಇಲ್ಲಿ ಯಾರೂ ಇಲ್ಲ ನನ ಬಂಗಾರ. ಶೌಕತ ಅಲಿ ಬಂದಾಗ ನಳ್ಳು. ಮೊನ್ನಿಂದ ಬಯಲಾಟದ ರಾಣಿಕಿಂತ ಚಂದ ನಳ್ಳಾಕತ್ತಿ!"

ಹಣೆ ಮುಟ್ಟಿದಳು. ಸುಡುತ್ತಿತ್ತು. ಬೇಸಿಗೆ, ಮೇಲೆ ಕಾದ ಹಾಸುಗಲ್ಲಿನ ಮಾಳಿಗೆ, ಮೈಮೇಲೆ ದಪ್ಪ ಕೌದಿ. ಸುಡದೆ ಇನ್ನೇನು?

ಶೌಕತ ಅಲಿ ಸೈಕಲ್ಲಿನಿಂದಿಳಿದು, ಮೈಸೂರು ಸರ್ಕಾರದ ಚೀಲವನ್ನು ಹೆಗಲಿಗೇರಿಸಿ ಒಬ್ಬನೇ ಒಳಗೆ ಬಂದ. ಮೋರೆ ನೋಡಿ ಮಾತು ಬದಲಿಸುವವನಲ್ಲ ಎಂದು ಸುತ್ತಲ ಹಳ್ಳಿಗಳಲ್ಲೆಲ್ಲ ಹೆಸರಾದವನು.

"ಹ್ವಾದ ವರ್ಷ ನನ್ನ ಸೂಜಿ ನೋಡಿ ಬಣವಿಯೊಳಗ ಹೊಕ್ಕೊಂಡಾಕಿ ಇಕೀನೇ ಅಲ್ಲೇನ್ರಿ ಅಕ್ಕಾ? ನೀವು ನಿಮ್ಮ ತೋಳಿನ ಸೂಜಿ ಕಲಿ ತೋರಿಸಿ ಕರದ್ರೂ ಬರಲಿಲ್ಲ. ಊರ ತುಂಬ ನನ್ನ ಓಡಾಡಿಸಿದಳು."

ಕೆನ್ನೆಯ ಗುಳ್ಳೆಯೊಂದನ್ನು ಬೆರಳಿನಿಂದ ಒತ್ತಿ, ಬೆರಳನ್ನು ಮೂಸಿದ. ಅವನ ಹುಬ್ಬು ಗಂಟಾಯಿತು. ಸಾಬಮ್ಮ ಅವನ ಕಾಲ ಮೇಲೆ ಬಿದ್ದಳು.

"ಅಣ್ಣಾ, ಎಕ್ಕಿ ಹಾಲ ಐತಿ. ಮಾರಿಗಿ, ಮುಂಗೈಗಿ ನಾನೇ ಹಚ್ಚೀನಿ. ನಿಮ್ಮ ಒಂದು ಮಾತಿನಾಗ ಇಕಿ ಜೀವ ಐತಿ. ಇಲ್ಲಂದ್ರ ತಾಯಿ ಮಗಳು ಕಾಗಿಣಾ ಹೊಳಿಗಿ ಬೀಳ್ತೀವಿ."

"ಏಳ್ರಿ ಅಕ್ಕಾ."

ಅವನು ಹುಡುಗಿಯ ಕಾಲ ಬಳಿ ಕುಳಿತು ಕೌದಿಯ ಅಂಚು ಎತ್ತಿದ. ಬಹಳ ಹೊತ್ತು ನೋಡಿ, ಮೆಲ್ಲಗೆ ಮತ್ತೆ ಹೊದಿಸಿದ.

"ಈಚೆಗೆ ಎಲ್ಲಿಗರ ಹೋಗಿದ್ರೇನು?"

"ತಂಗಿ ಮನಿಗಿ, ಸೇಡಂ ಕಡಿ. ಯಾಕ್ರಿ?"

ಅವನು ಎದ್ದು ಹೊರಗೆ ನಡೆದ. ಸಾಬಮ್ಮ ಬಾಗಿಲ ಸಂದಿಗೆ ಕಿವಿ ಹಚ್ಚಿದಳು.

"ಖರೇ ಸಿಡುಬು," ಎಂದ ಶೌಕತ ಅಲಿ. "ಬಂಡಿ ತಿರಗಸ್ರಿ. ಯಾರೂ ಈ ಹೊಸ್ತಿಲ ತುಳೀಬ್ಯಾಡ್ರಿ."

"ಖುದಾನ ಆಣಿ ಮಾಡ್ತೀರೇನು ಸಾಬ್ರ?" ದೇವೀಂದ್ರಪ್ಪನ ದನಿ.

"ಖುದಾನ ಆಣಿ."

ಅಷ್ಟರಲ್ಲಿ ಅಂಬರಾಯ ಬಂಡಿ ಏರಿ ಕುಳಿತಿದ್ದ. "ಈ ಸಂಬಂಧ ನನಗ ಬ್ಯಾಡೋ ಮಾರಾಯಾ, ಹೊಡಿ, ಹೊಡಿ!" ಎಂದು ಕಿರುಚಿದ. ಗಾಲಿಗಳ ಸಪ್ಪಳ ದೂರವಾಗುತ್ತ, ದೂರವಾಗುತ್ತ ನಿಂತೇಹೋಯಿತು.

ಶೌಕತ ಅಲಿ ಮತ್ತೆ ಒಳಗೆ ಬಂದಾಗ ಸಾಬಮ್ಮ ನಗುತ್ತಿದ್ದಳೋ ಅಳುತ್ತಿದ್ದಳೋ ಅವಳಿಗೇ ತಿಳಿಯದು.

"ನನ್ನ ಮಗಳು ಉಳದಳು ಅಣ್ಣಾ! ನಮ್ಮ ಸಲುವಾಗಿ ದೇವರ ಮ್ಯಾಲ ಸುಳ್ಳಾಣಿ ಮಾಡಿದ್ರಿ. ಆ ಪಾಪ ನನಗ ಬರಲಿ."

ಶೌಕತ ಅಲಿ ಕೌದಿ ಸರಿಸಿ, ಚಂದಮ್ಮನ ಎರಡೂ ಅಂಗಾಲುಗಳನ್ನು ಬೆಳಕಿಂಡಿಯತ್ತ ತಿರುಗಿಸಿದ. ಚರ್ಮದೊಳಗೆ ಸಾಸಿವೆ ಹುಗಿದಂತೆ ಗಟ್ಟಿ ಗುಳ್ಳೆಗಳು ತುಂಬಿಕೊಂಡಿದ್ದವು.

"ಅಕ್ಕಾ, ಇಲ್ಲಿಗೂ ನೀವೇ ಹಚ್ಚೀರೇನು?"