ಅವ್ವನ ಹಸಿವಿನ ಜೋಡಣೆ

ಏಳನೇ ರೊಟ್ಟಿ ಮುಗಿಸಿದರೂ ಗದಿಗೆಪ್ಪನ ಹೊಟ್ಟೆ ಚುರುಗುಡುತ್ತಲೇ ಇತ್ತು. ಸಿಟ್ಟಿನಿಂದ ಕುಟುಂಬ ನ್ಯಾಯಾಲಯಕ್ಕೆ ಓಡಿದ. ಜೀವನಾಂಶ ಕೊಡದ ಮಗನ ಹೊಟ್ಟೆಗೆ, ಅವ್ವನಿಗೂ ತಿಳಿಸದೆ, ಅವಳ ಹಸಿವನ್ನು ಒಂದು ವರ್ಷ ಜೋಡಿಸಿಡುವುದು ಅಲ್ಲಿನ ಮಾಮೂಲಿ ಕ್ರಮ.

“ಮೇಡಂ, ಬಾಕಿ ಎಲ್ಲಾ ಮೊನ್ನೇನ ಕಟ್ಟೀನ್ರಿ! ಇನ್ನೂ ಯಾಕ ಹಸಿವು?”

ಗುಮಾಸ್ತೆ ದಿಲ್‌ಶಾದ್ ಪರದೆ ನೋಡಿದಳು. “ರೊಕ್ಕ ಮುಟ್ಟೇತ್ರಿ. ಆದ್ರ ನಿಮ್ಮವ್ವ ಮುಂಜಾನಿಂದ ಏನೂ ತಿಂದಿಲ್ಲ.”

“ಬೇಕಂತಲೇ ಕಾಡತಾಳ್ರಿ! ಉಣ್ಣಾಕ ಹೇಳ್ರಿ ಆಕಿಗೆ.”

ದಿಲ್‌ಶಾದ್ ಫೋನ್ ಮಾಡಿದಳು. ಗದಿಗೆಪ್ಪ ಕಿಟಕಿಯ ಮುಂದೆ ಶತಪಥ ಹಾಕಿದ. ಅವಳು ಫೋನ್ ಇಟ್ಟು ಅವನತ್ತ ತಿರುಗಿದಳು.

“ಒಲ್ಲೆ ಅಂತಾರ್ರಿ. ಮೊನ್ನೆ ಕೋರ್ಟಿನ್ಯಾಗ ನೋಡಿದಾಗ ಮಗಾ ಭಾಳ ಸೊರಗಿದ್ದ ಅಂತ, ನಿಮ್ಮ ಹೆಸರಿಲೆ ಹದಿನಾರು ಸೋಮಾರ ಉಪಾಸ ಹಿಡಿದಾರಂತ. ಇವತ್ತ ಮೊದಲನೇದು.”