ಮಾರ್ಲಿಸ್‌ಳ ಲೆಮನ್ ಬಾರ್

“ಆವತ್ತು ನಾನು ರಜೆ ಹಾಕಬಾರದಿತ್ತು ಕಣಮ್ಮಾ. ಹಲ್ಲುನೋವು ತಡ್ಕೊಂಡು ಬಂದುಬಿಟ್ಟಿದ್ರೆ ನಿನಗೆ ಹೀಗಾಗ್ತಿರಲಿಲ್ಲ,” ಎನ್ನುತ್ತ ಇತಿಹಾಸ ವಿಭಾಗದ ಸೆಕ್ರೆಟರಿ ಮಾರ್ಲಿಸ್ ಕಣ್ಣೊರೆಸಿಕೊಂಡಳು.

ಮೈಮೇಲಿನ ಕೋಟನ್ನೂ ಬಿಚ್ಚದೆ ಎದುರು ನಿಂತಿದ್ದ ವಿದ್ಯಾರ್ಥಿನಿ ಬ್ರಿಟಾಗೆ ತಲೆ ಚಚ್ಚಿಕೊಳ್ಳುವಂತಾಯಿತು. ಹೋದ ತಿಂಗಳು, ಪ್ರಬಂಧದ ಬಗ್ಗೆ ಮಾತಾಡೋಣ ಬಾ ಎಂದು ಕರೆದ ಪ್ರೊಫೆಸರ್ ಗಿಫರ್ಡ್ ಬಾಗಿಲು ಹಾಕಿ ಅವಳ ಸೊಂಟಕ್ಕೆ ಕೈ ಹಾಕಿದ್ದ. ಕೊಸರಿಕೊಂಡು ಹೊರಬಂದವಳು ನೇರ ಹೋಗಿ ವಿಶ್ವವಿದ್ಯಾಲಯಕ್ಕೆ ದೂರು ಕೊಟ್ಟಿದ್ದಳು. ಬಾಗಿಲು ತೆರೆದೇ ಇತ್ತು, ಹುಡುಗಿಗೆ ಏನೋ ಭ್ರಮೆ ಎಂದ ಅವನು. ನಾಳೆ ವಿಚಾರಣೆಯ ಕೊನೆಯ ದಿನ. ಅವಳ ಪರವಾಗಿ ಬಾಯಿ ಬಿಡುವವರು ಒಬ್ಬರೂ ಸಿಗದಿದ್ದರೆ ದೂರು ಬಿದ್ದುಹೋಗುತ್ತದೆ. ಆಮೇಲೆ ಅದೇ ಗಿಫರ್ಡ್‌ನ ಕೈಕೆಳಗೆ ಓದು ಮುಗಿಸಬೇಕು, ಇಲ್ಲವೇ ಗಂಟುಮೂಟೆ ಕಟ್ಟಬೇಕು.

ವಿಭಾಗದಲ್ಲಿ ಎಲ್ಲರೂ ಅವಳಿಗೆ ಸಮಾಧಾನ ಹೇಳಿದ್ದರು. ಹೇಳಿದ್ದೆಲ್ಲ ಮಾರ್ಲಿಸ್‌ಳ ಹಲ್ಲಿನ ಬಗ್ಗೆಯೇ! ಮುಖ್ಯಸ್ಥರಂತೂ, “ಮಾರ್ಲಿಸ್ ಇಲ್ಲದ ದಿನ ಗಿಫರ್ಡ್ ಕೋಣೆಗೆ ತಿಂಡಿ ತಟ್ಟೆ ತಗೊಂಡು ಹೋಗೋಕೆ ಬೇರೆ ಯಾರಿಗಾದ್ರೂ ಹೇಳಿರಬೇಕಿತ್ತು, ನಮ್ಮದೇ ತಪ್ಪು,” ಎಂದು ತುಂಬ ನೊಂದುಕೊಂಡಿದ್ದರು.

ಅಮೆರಿಕದ ಈ ಮಿನೆಸೋಟಾ ಜನವೇ ಹೀಗೆ. ಹಿಮದಲ್ಲಿ ಹೂತುಹೋದ ಗುರುತಿಲ್ಲದವರ ಕಾರನ್ನು ಕೈಗವಸೂ ಇಲ್ಲದೆ ತಳ್ಳಿಕೊಡುತ್ತಾರೆ. ಆದರೆ ಗುರುತಿನವನೊಬ್ಬನ ಮುಖ ನೋಡಿ, ನೀನು ಮಾಡುತ್ತಿರುವುದು ತಪ್ಪು ಎನ್ನಲು ಮಾತ್ರ ಬಾಯಿ ಬರುವುದಿಲ್ಲ. ಹಾಗಾಗಿ ಗಿಫರ್ಡ್‌ನ ಕೈಚಾಳಿಗೆ ಮಾರ್ಲಿಸ್ ಕಂಡುಕೊಂಡ ಮದ್ದು ಲೆಮನ್ ಬಾರ್ ಎಂಬ ನಿಂಬೆಹುಳಿಯ ಸಿಹಿತಿಂಡಿ. ಮನೆಯಲ್ಲೇ ಬೇಯಿಸಿ, ಮೇಲೆ ಸಕ್ಕರೆಪುಡಿ ಉದುರಿಸಿ ತರುತ್ತಿದ್ದಳು. ಹುಡುಗಿಯೊಬ್ಬಳೇ ಅವನ ಕೋಣೆಗೆ ಹೋದಳೆಂದರೆ ಸ್ವಲ್ಪ ಹೊತ್ತಿಗೆ ತಟ್ಟೆ ಹಿಡಿದು ಬಾಗಿಲು ಬಡಿಯುತ್ತಿದ್ದಳು. ವರ್ಷಗಳಿಂದ ಇದು ನಡೆದು ಬಂದಿತ್ತು. ತಟ್ಟೆ ಹೊರಟರೆ ಸಾಕು, ಇಡೀ ವಿಭಾಗಕ್ಕೆ ವಿಷಯ ಗೊತ್ತಾಗುತ್ತಿತ್ತು. ಎಲ್ಲರೂ ಕಂಪ್ಯೂಟರ್‌ನಲ್ಲಿ ಮುಖ ಹುದುಗಿಸುತ್ತಿದ್ದರು.

“ನಾಳೆ ಬಂದು ಒಂದೇ ಒಂದು ಮಾತು ಹೇಳಿ ಮಾರ್ಲಿಸ್,” ಎಂದಳು ಬ್ರಿಟಾ.

“ನಾನು ಕಣ್ಣಾರೆ ಏನೂ ನೋಡಿಲ್ವಲ್ಲ. ನೋಡದೇ ಇರೋದನ್ನ ಹೇಗೆ ಹೇಳಲಿ?”

“ನೋಡಿದ್ದು ಹೇಳಬೇಡಿ. ತಟ್ಟೆ ಯಾಕೆ ತಗೊಂಡು ಹೋಗ್ತೀರಿ, ಅಷ್ಟು ಹೇಳಿ ಸಾಕು.”

“ಅಯ್ಯೋ, ಹಾಗಂದ್ರೆ ಅವರ ಮೇಲೆ ನೇರ ತಪ್ಪು ಹೊರಿಸಿದ ಹಾಗಾಗಲ್ವಾ?”

“ಹೌದು ಮಾರಾಯ್ತಿ! ಅದಕ್ಕೇ ತಾನೇ ನಾನು ಬಂದಿರೋದು!”

“ಕೂಗಾಡಬೇಡಮ್ಮ. ಅವರ ಹೆಂಡತಿ ಚರ್ಚಿನಲ್ಲಿ ನನ್ನ ಪಕ್ಕದಲ್ಲೇ ನಿಂತು ಹಾಡೋಳು. ಭಾನುವಾರ ಯಾವ ಮುಖ ಇಟ್ಕೊಂಡು ನಿಲ್ಲಲಿ? ತಗೋ, ಒಂದು ಬಾರ್ ತಿನ್ನು, ಸಮಾಧಾನ ಆಗುತ್ತೆ.”

ಬ್ರಿಟಾ ತಟ್ಟೆಯನ್ನು ಆಚೆಗೆ ತಳ್ಳಿದಳು. ಮಾರ್ಲಿಸ್‌ಗೆ ಅದರಿಂದ ನಿಜಕ್ಕೂ ನೋವಾಯಿತು.

“ಹೀಗೆ ಹೋಗಿ ಹೋಗೀನೇ ನಾನು ಎಷ್ಟು ಹುಡುಗೀರನ್ನ ಕಾಪಾಡಿದ್ದೀನಿ ಗೊತ್ತಾ ನಿನಗೆ?”

“ಕಾಪಾಡಿದ್ದೀರಿ, ಇಲ್ಲ ಅಂದವರ್ಯಾರು? ಯಾರ ಕೈಯಿಂದ ಅಂತ ಮಾತ್ರ ಒಬ್ಬಳಿಗೂ ಹೇಳಿಲ್ಲ. ನನಗಾದ್ರೂ ಹೇಳಿದ್ರಾ? ಹೇಳಿದ್ದಿದ್ರೆ ನಾನು ಆ ಕೋಣೆಗೆ ಕಾಲಿಡ್ತಿದ್ನಾ?”

ಅಷ್ಟರಲ್ಲೇ ಈ ವರ್ಷ ಸೇರಿದ ಹುಡುಗಿಯೊಬ್ಬಳು ಪುಸ್ತಕಗಳನ್ನು ಎದೆಗವಚಿಕೊಂಡು ಅವರ ಮುಂದೆಯೇ ನಡೆದುಹೋದಳು. ಗಿಫರ್ಡ್ ನಗುತ್ತ ಬಾಗಿಲು ತೆರೆದು ಅವಳನ್ನು ಒಳಗೆ ಕರೆದುಕೊಂಡ. ಬಾಗಿಲು ಮುಚ್ಚಿತು. ಅಕ್ಕಪಕ್ಕದ ಮೇಜಿನವರು ತಲೆ ತಗ್ಗಿಸಿದರು. ಮಾರ್ಲಿಸ್‌ಳ ಕೈ ತನ್ನಷ್ಟಕ್ಕೆ ತಟ್ಟೆಯತ್ತ ಹೋಯಿತು.

“ಹೋಗಿ, ಬೇಗ ಹೋಗಿ,” ಎಂದಳು ಬ್ರಿಟಾ. ಅವಳ ದನಿಯಲ್ಲಿ ಸಿಟ್ಟೂ ಉಳಿದಿರಲಿಲ್ಲ, ಸಾಕಾಗಿಹೋಗಿತ್ತು. “ಆದ್ರೆ ಒಂದು ಹೇಳಿ. ಇಷ್ಟು ವರ್ಷದಿಂದ ಆ ಸಿಹಿ ತಿಂತಾ ಇರೋದು ಯಾರು?”

ಮಾರ್ಲಿಸ್ ತಟ್ಟೆಯನ್ನೇ ನೋಡಿದಳು. ಪ್ರತಿ ಸಲವೂ ಮೂಲೆಯ ದೊಡ್ಡ ತುಂಡನ್ನೇ ಆರಿಸಿಕೊಳ್ಳುತ್ತಿದ್ದ ಗಿಫರ್ಡ್. ನಿನ್ನ ಕೈರುಚಿಗೆ ಸಾಟಿಯಿಲ್ಲ ಎಂದು ಹೊಗಳುತ್ತಿದ್ದ. ಆ ಹೊಗಳಿಕೆಗೆ ಹಿಗ್ಗಿ, ಅವನಿಗೆ ಇಷ್ಟವೆಂದು ಸಕ್ಕರೆಯನ್ನು ಒಂದು ಹಿಡಿ ಜಾಸ್ತಿಯೇ ಹಾಕುತ್ತಿದ್ದಳು. ಅದು ನೆನಪಾಗಿ ಅವಳ ಮುಖ ಕಿವಿಯವರೆಗೂ ಕೆಂಪೇರಿತು.

ತಟ್ಟೆಯನ್ನು ಅಲ್ಲೇ ಬಿಟ್ಟು ಬಿರಬಿರನೆ ನಡೆದಳು. ಬಾಗಿಲನ್ನು ಬಡಿಯಲಿಲ್ಲ, ಹಿಡಿ ತಿರುಗಿಸಿ ಗೋಡೆಗೆ ತಾಗುವಷ್ಟು ಅಗಲಕ್ಕೆ ತೆರೆದಳು.

ಹುಡುಗಿಯ ಕುರ್ಚಿಗೆ ಅಂಟಿಕೊಂಡಂತೆ ನಿಂತಿದ್ದ ಗಿಫರ್ಡ್ ಬೆಚ್ಚಿದ. ಬಂದವಳು ಮಾರ್ಲಿಸ್ ಎಂದು ಕಂಡೊಡನೆ ಮುಖ ಅರಳಿತು. ಎಂದಿನಂತೆ ಕೈ ಚಾಚಿದ.

“ಇವತ್ತು ಏನು ತಂದೆ ಮಾರ್ಲಿಸ್?”

“ಏನೂ ತಂದಿಲ್ಲ,” ಎಂದಳು ಮಾರ್ಲಿಸ್. ಮಾತು ಹೊರಗೆ ಕೂತವರಿಗೆಲ್ಲ ಕೇಳಿಸಿತು. “ನೀನು ಎದ್ದು ಹೊರಗೆ ಬಾರಮ್ಮ. ಗಿಫರ್ಡ್, ನಾಳೆ ವಿಚಾರಣೆಗೆ ನಾನೂ ಬರ್ತಿದ್ದೀನಿ. ನಿಮ್ಮ ಮುಖ ನೋಡಿ ಹೇಳೋಣ ಅಂತ ಬಂದೆ.”

ಹುಡುಗಿ ಪುಸ್ತಕ ಬಾಚಿಕೊಂಡು ಹೊರಬಂದಳು. ಮೇಜುಗಳ ಹಿಂದಿನ ತಲೆಗಳು ಒಂದೊಂದಾಗಿ ಮೇಲೆದ್ದವು. ಗಿಫರ್ಡ್‌ನ ಕೈ ಇನ್ನೂ ಚಾಚಿಯೇ ಇತ್ತು.