ನೀಲವ್ವನ ಬೆರಳು

ಹಿಮಾಲಯ ಚಾರಣದ ನಾಲ್ಕನೇ ಸಂಜೆ, ಮೂರನೇ ಸರೋವರದ ದಂಡೆಯಲ್ಲಿ ಹಿಮ ಸುರಿಯತೊಡಗಿತು. ನೀಲವ್ವ ಟೆಂಟಿನೊಳಗೆ ತಲೆ ಹಿಡಿದುಕೊಂಡು ಮಲಗಿದ್ದಳು. ಹುಬ್ಬಳ್ಳಿ ಕಡೆಯ ಗೈಡ್ ದಿನಾ ಸಂಜೆ ಎಲ್ಲರ ಬೆರಳಿಗೂ ಕ್ಲಿಪ್ ಹಾಕಿ ಆಕ್ಸಿಜನ್ ನೋಡುತ್ತಿದ್ದ. ಒಬ್ಬರದು ಎಪ್ಪತ್ತಕ್ಕಿಂತ ಕಡಿಮೆ ಬಂದರೂ ಗಂಡ ಹೆಂಡತಿ ಇಬ್ಬರೂ ಕೆಳಗಿಳಿಯಬೇಕು.

“ನಾಳೆ ಒಂದ ಸರೋವರ ಉಳದೈತಿ. ಇದ ಹೊತ್ನ್ಯಾಗ ನಿನ್ನ ತಲಿ ನೋಯಬೇಕೇನು?” ಎಂದು ಗಂಡ ಫಕೀರಪ್ಪ ಸಿಡುಕಿದ.

“ಉಸರ ಸಿಗವಲ್ದ್ರಿ. ಇಳಕೊಂಡ ಹೋಗೂಣು.”

“ಅರ್ಧಕ್ಕ ತಿರುಗಿ ಬಂದ್ವಿ ಅಂತ ಊರ ಮಂದಿ ಮುಂದ ಹೇಳ್ಲೇನು? ಸುಮ್ನ ಮಲ್ಕೋ.”

ಅಷ್ಟರಲ್ಲಿ ಗೈಡ್ ಬಂದ. ಹಿಮ ಒಳಗೆ ನುಗ್ಗಬಾರದೆಂದು ಟೆಂಟಿನ ಜಿಪ್ಪನ್ನು ಗೇಣಷ್ಟೇ ತೆಗೆಸಿ, ಹೊರಗೇ ಕತ್ತಲಲ್ಲಿ ಕುಕ್ಕರಗಾಲಲ್ಲಿ ಕೂತ.

“ಮೊದಲ ಅಕ್ಕಾರ ಕೈ ಕೊಡ್ರಿ.”

ಫಕೀರಪ್ಪ ಹೆಂಡತಿಯ ಶಾಲನ್ನು ಮುಂಗೈಗೆ ಸುತ್ತಿಕೊಂಡು ತನ್ನ ಕೈಯನ್ನೇ ಹೊರಗೆ ಚಾಚಿದ. ನೀಲವ್ವ ಏನೋ ಹೇಳಲು ಬಾಯಿ ತೆರೆದಳು. ಅವನು ಕಣ್ಣಲ್ಲೇ ಗದರಿಸಿದ.

ಗೈಡ್ ಆ ಬೆರಳನ್ನು ಉಜ್ಜಿ ಬಿಸಿ ಮಾಡಿ, ಕ್ಲಿಪ್ ತೆಗೆದು ಮತ್ತೆ ಹಾಕಿದ. ಅವನ ದನಿ ಇಳಿಯಿತು.

“ಅಣ್ಣಾರ, ಐವತ್ತೆಂಟ ತೋರಸ್ತೈತಿ. ಈಗ ಇಳಸಲಿಲ್ಲಂದ್ರ ಅಕ್ಕಾರು ಬೆಳಗ ಕಾಣೂದಿಲ್ರಿ.”